ಡಾಕ್ಟರಿಗೆ ಬಿಡುವಿಲ್ಲ

ನಮ್ಮಕ್ಕನ ಹೊಟ್ಟೆಕಿಚ್ಚಿಗೆ ಮೊದಲು ಸಿಕ್ಕಿದವಳು ನಾನು. ಚಿಕ್ಕವಳಿದ್ದಾಗ ಜ್ವರ ಬಂದು ಮಲಗಿದ್ದೆ. ಅಮ್ಮ ಕೆಲಸಕ್ಕೆ ರಜ ಹಾಕಿ, ನನ್ನ ಹಣೆಗೆ ಒದ್ದೆ ಬಟ್ಟೆ ಹಾಕುತ್ತ ಪಕ್ಕದಲ್ಲೇ ಕೂತಳು. ಅಕ್ಕ ಬಾಗಿಲಲ್ಲಿ ನಿಂತು ಅದನ್ನೆಲ್ಲ ನೋಡಿದಳು. ಅಮ್ಮ ಅತ್ತ ಹೋದ ತಕ್ಷಣ ಬಂದು ನನ್ನ ಎಂಜಲು ಲೋಟದಲ್ಲಿ ನೀರು ಕುಡಿದು, ನನ್ನ ದಿಂಬಿಗೆ ಮುಖ ಉಜ್ಜಿ, ತನಗೂ ಜ್ವರ ಬರಲಿ ಅಂತ ಕಾದಳು. ಬರಲಿಲ್ಲ. ಬರದಿದ್ದದ್ದಕ್ಕೆ ಬಿಕ್ಕಿ ಬಿಕ್ಕಿ ಅತ್ತಳು. "ನಮ್ಮನೇಲಿ ಎಲ್ಲ ಇದ್ರೂ ಪಕ್ಕದ ಮನೇಲಿ ಹಲ್ಲುನೋವಿದ್ರೆ ಇವಳಿಗೆ ಅದೂ ಬೇಕು" ಅಂತ ಅಮ್ಮ ಅವಳನ್ನು ರೇಗಿಸುತ್ತಿದ್ದಳು.

ಅಂಥವಳನ್ನು ಕಿವಿ, ಮೂಗು, ಗಂಟಲಿನ ಡಾಕ್ಟರಿಗೆ ಕೊಟ್ಟು ಮದುವೆಯಾಯಿತು. ನಮ್ಮ ಭಾವ ಮೆದು ಮನುಷ್ಯ. ಬೈದರೂ ಎದುರಿನವರಿಗೆ ಬೈಸಿಕೊಂಡೆವು ಅಂತ ಗೊತ್ತಾಗುತ್ತಿರಲಿಲ್ಲ. ಕೆಳಗೆ ಕ್ಲಿನಿಕ್ಕು, ಮೇಲೆ ಮನೆ. ಕೌಂಟರಿನಲ್ಲಿ ಕೂರಲು ಮೊದಲು ಒಬ್ಬಳು ಲಕ್ಷಣವಾದ ಹುಡುಗಿ ಇದ್ದಳು. ಅಕ್ಕ ಆ ಮನೆಗೆ ಕಾಲಿಟ್ಟ ಸ್ವಲ್ಪ ದಿನಕ್ಕೇ ಆ ಹುಡುಗಿಗೆ ಬೇರೆ ಕಡೆ ಒಳ್ಳೆಯ ಕೆಲಸ ಸಿಕ್ಕಿತು. ಹುಡುಕಿ ಕೊಟ್ಟವಳು ಅಕ್ಕನೇ. ಆಮೇಲೆ ಆ ಕುರ್ಚಿಯಲ್ಲಿ ತಾನೇ ಕೂತಳು, ಏಳಲೇ ಇಲ್ಲ.

ಕೌಂಟರು ಅಂದರೆ ಒಂದು ಗಾಜಿನ ಕಿಂಡಿ, ಅದರೆದುರು ಸಾಲು ಕುರ್ಚಿ, ಅಕ್ಕನ ಎಡಗೈ ಬಳಿ ಹಳೆಯದೊಂದು ಫೋನು. ಆ ಫೋನಿನಲ್ಲಿ ಎರಡು ಗುಂಡಿ. ಒಂದನ್ನು ಒತ್ತಿದರೆ ಕರೆ ಒಳಗೆ ಭಾವನ ಮೇಜಿಗೆ ಹೋಗುತ್ತದೆ, ಇನ್ನೊಂದನ್ನು ಒತ್ತಿದರೆ ಕಟ್ಟಾಗುತ್ತದೆ. ಒಳಗೆ ಮಾತು ನಡೆಯುವಷ್ಟು ಹೊತ್ತೂ ಒಂದು ಸಣ್ಣ ಕೆಂಪು ದೀಪ ಉರಿಯುತ್ತದೆ. ಭಾವ ತಮ್ಮ ಮೊಬೈಲು ನಂಬರನ್ನು ಯಾವ ರೋಗಿಗೂ ಕೊಡಕೂಡದು, ಎಲ್ಲರೂ ಈ ಫೋನಿನ ಮೂಲಕವೇ ಬರಬೇಕು ಅಂತ ಅಕ್ಕ ಕಾನೂನು ಮಾಡಿದ್ದಳು. ಆ ಕಾನೂನಿನಿಂದ ಭಾವ ನೆಮ್ಮದಿಯಾಗಿ ಉಣ್ಣುತ್ತಿದ್ದರು, ನಿದ್ದೆ ಮಾಡುತ್ತಿದ್ದರು ಅನ್ನುವುದೂ ನಿಜ. ಅವಳಿಲ್ಲದಿದ್ದರೆ ಆ ಕ್ಲಿನಿಕ್ಕು ವಾರದಲ್ಲಿ ಸಂತೆಯಾಗುತ್ತಿತ್ತು.

ಅವಳಿಗೆ ಒಂದು ವಿದ್ಯೆ ಒಲಿದಿತ್ತು. ಫೋನಿನಲ್ಲಿ "ಹಲೋ" ಅಂದರೆ ಸಾಕು, ಯಾರು, ಯಾವ ಕಿವಿ, ಯಾವಾಗ ಬಂದಿದ್ದರು, ಎಲ್ಲ ಹೇಳಿಬಿಡುತ್ತಿದ್ದಳು. ಹೆಂಗಸರ ದನಿಯಾದರಂತೂ ಒಂದು ಸಲ ಕೇಳಿದ್ದನ್ನು ಸಾಯುವ ತನಕ ಮರೆಯುತ್ತಿರಲಿಲ್ಲ. ನಕ್ಕು ಮಾತಾಡುವ ಹೆಂಗಸರನ್ನು ಸಾಲಿನ ಕೊನೆಗೆ ಕೂರಿಸುತ್ತಿದ್ದಳು. ನಾನು ಛೇಡಿಸಿದರೆ, "ನಿನ್ನ ಗಂಡನ್ನ ಯಾರು ನೋಡ್ತಾರೆ ಅಂತ ನೀನು ನಿಶ್ಚಿಂತೆಯಾಗಿದೀಯ" ಅನ್ನುತ್ತಿದ್ದಳು. ಆ ಮಾತಿನಲ್ಲಿ ಸುಳ್ಳಿಲ್ಲ. ನನ್ನ ಗಂಡ ಎಲ್ಲಿಗೆ ಹೋದರೂ ಯಾರ ಹೊಟ್ಟೆಯೂ ಉರಿಯುವುದಿಲ್ಲ, ನನ್ನದೂ ಸಹ.

ಹೀಗಿರುವಾಗ ಬಸ್‌ಸ್ಟ್ಯಾಂಡಿನವಳು ಬಂದಳು.

ನಮ್ಮೂರ ದೊಡ್ಡ ಬಸ್‌ಸ್ಟ್ಯಾಂಡಿನಲ್ಲಿ ಯಾವ ಬಸ್ಸು ಯಾವ ಅಂಕಣದಿಂದ ಹೊರಡುತ್ತದೆ ಅಂತ ಹೇಳುವ ದನಿ ಆಕೆಯದು. ದಿನಾ ಹೇಳುವುದನ್ನೆಲ್ಲ ಮೊದಲೇ ಹೇಳಿಸಿ ಯಂತ್ರಕ್ಕೆ ತುಂಬಿದ್ದರು. ತಡವಾದ ಬಸ್ಸು, ಕಳೆದುಹೋದ ಮಗು, ಇಂಥವನ್ನು ಆಕೆ ಅಲ್ಲೇ ಕೂತು ಹೇಳುತ್ತಿದ್ದಳು. ಬಸ್ಸು ಬರುವುದಿಲ್ಲ ಅಂತ ಆ ದನಿ ಹೇಳಿದರೂ, ಇರಲಿ ಬಿಡು ಅನಿಸುತ್ತಿತ್ತು. ಆಕೆಗೆ ಕತ್ತಿನ ಥೈರಾಯ್ಡ್ ಗ್ರಂಥಿಯಲ್ಲಿ ಗಂಟು ಬೆಳೆದಿತ್ತು, ತೆಗೆಯಬೇಕಿತ್ತು. ಆಪರೇಷನ್ನಿಗೆ ಮುಂಚೆ ಆಕೆ ನಾಲ್ಕಾರು ಸಲ ಕ್ಲಿನಿಕ್ಕಿಗೆ ಬಂದಳು, ಫೋನು ಮಾಡಿದಳು. ಪ್ರತಿ ಸಲವೂ ಅಕ್ಕ ಗುಂಡಿ ಒತ್ತಿ ಒಳಗೆ ಕೊಡುತ್ತಿದ್ದಳು, ದೀಪ ಉರಿಯುವುದನ್ನೇ ನೋಡುತ್ತಿದ್ದಳು.

ಒಂದು ದಿನ ಊಟಕ್ಕೆ ಕೂತಾಗ ಭಾವ ಬಾಯಿ ತಪ್ಪಿ ಅಂದರು: "ಎಂಥಾ ದನಿ ಅಂತೀಯ! ಅದಕ್ಕೆ ಕತ್ತಿ ತಾಗಿಸೋಕೇ ಭಯ ಆಗುತ್ತೆ."

"ನನ್ನ ದನಿಗೇನಾಗಿದೆ?" ಅಂದಳು ಅಕ್ಕ.

"ನಿಂದು ಕೌಂಟರಿಗೆ ಸರಿಯಾಗಿದೆ ಬಿಡು," ಅಂತ ಭಾವ ನಕ್ಕರು. ತಮಾಷೆಗೆ ಅಂದದ್ದು. ಮಾರನೆಯ ದಿನ ಅವರ ಊಟದಲ್ಲಿ ಉಪ್ಪಿರಲಿಲ್ಲ.

ಕತ್ತಿನ ಆ ಗ್ರಂಥಿಯ ಹಿಂದೆ ನೂಲಿನಂಥ ಒಂದು ನರ ಇದೆಯಂತೆ. ಅದಕ್ಕೆ ಪೆಟ್ಟಾದರೆ ದನಿ ಕೂತುಹೋಗಬಹುದು, ಅಪರೂಪ, ಆದರೆ ಎಷ್ಟು ಹುಷಾರಾಗಿದ್ದರೂ ಆಗುವುದುಂಟು ಅಂತ ಭಾವ ಚಿತ್ರ ಬರೆದು ಆಕೆಗೆ ತೋರಿಸಿದ್ದರು. ಆಕೆ ಒಪ್ಪಿ ಸಹಿ ಹಾಕಿದ್ದಳು. ಆಪರೇಷನ್ ಆಯಿತು, ಗಂಟು ಹೋಯಿತು, ಮನೆಗೆ ಹೊರಡುವಾಗ ಆಕೆಯ ದನಿ ಮಾತ್ರ ಗಾಳಿ ಊದಿದ ಹಾಗಿತ್ತು. "ಊತ ಇಳಿದ್ರೆ ಬರಬಹುದು. ಎರಡು ವಾರ ಬಿಟ್ಟು ಬನ್ನಿ, ನೋಡೋಣ" ಅಂದಿದ್ದರು ಭಾವ. ಎರಡು ವಾರ ಕಳೆಯಿತು, ತಿಂಗಳು ಕಳೆಯಿತು. ಆಕೆ ಯಾಕೆ ಬರಲಿಲ್ಲ ಅಂತ ಭಾವ ಒಂದೆರಡು ಸಲ ಅಕ್ಕನನ್ನು ಕೇಳಿದರು.

"ವಾಸಿಯಾದ ಮೇಲೆ ಯಾರು ಡಾಕ್ಟರ ಮುಖ ನೋಡೋಕೆ ಬರ್ತಾರೆ?" ಅಂದಳು ಅಕ್ಕ. ಭಾವನಿಗೂ ಸಮಾಧಾನವಾಯಿತು.

ಆಮೇಲೆ ಬಂದದ್ದು ವಕೀಲರ ನೋಟೀಸು. ದನಿ ಹೋಗಿದೆ, ಕೆಲಸ ಹೋಗಿದೆ, ಹಲವು ಬಾರಿ ಸಂಪರ್ಕಿಸಲು ಯತ್ನಿಸಿದರೂ ಡಾಕ್ಟರು ತಿರುಗಿ ನೋಡಲಿಲ್ಲ, ಪರಿಹಾರ ಕೊಡಿ ಅಂತ ಅದರಲ್ಲಿತ್ತು. ಭಾವ ಬಿಳುಚಿಕೊಂಡು ಕೌಂಟರಿಗೆ ಬಂದರು. "ಆಕೆ ಬಂದಿದ್ರಾ? ಫೋನ್ ಏನಾದ್ರೂ ಮಾಡಿದ್ರಾ?"

"ಇಲ್ಲಪ್ಪ! ನೋಟೀಸು ಅಂದ್ಮೇಲೆ ಹಾಗೆಲ್ಲ ಬರೀತಾರೆ," ಅಂದಳು ಅಕ್ಕ. ಭಾವ ನಂಬಿದರು. ನಾನೂ ನಂಬಿದೆ.

ಡಾಕ್ಟರುಗಳಿಗೂ ಒಂದು ವಿಮೆ ಇರುತ್ತದಂತೆ, ಇಂಥ ಗಂಡಾಂತರಕ್ಕೆಂದೇ. ವಿಮೆ ಕಂಪನಿಯವರು ಒಬ್ಬ ವಕೀಲರನ್ನು ಕಳಿಸಿದರು. ತುಂಬ ಅನುಭವಸ್ಥ ಮನುಷ್ಯ, ಮಾತಾಡುವಾಗ ಕನ್ನಡಕ ಒರೆಸುತ್ತಲೇ ಇರುತ್ತಿದ್ದರು. ಮನೆಯವರೆಲ್ಲ ಅವರ ಸುತ್ತ ಕೂತೆವು.

"ಗಾಬರಿ ಬೇಡ ಡಾಕ್ಟ್ರೇ," ಅಂದರು ಅವರು. "ಕತ್ತಿ ಹಿಡಿಯೋ ಡಾಕ್ಟ್ರುಗಳಲ್ಲಿ ನಿವೃತ್ತಿ ತನಕ ಒಂದೂ ನೋಟೀಸು ನೋಡದೇ ಇರೋರು ನಾನು ಕಂಡ ಹಾಗೆ ಕಡಿಮೆ. ತೊಂದರೆ ಆದ ರೋಗಿಗಳಲ್ಲಿ ಮುಕ್ಕಾಲು ಪಾಲು ಜನ ಕೋರ್ಟಿನ ಕಡೆ ಮುಖ ಹಾಕೋದೇ ಇಲ್ಲ. ಹಾಕಿದೋರಲ್ಲೂ ಎಷ್ಟೋ ಜನ ಸುಸ್ತಾಗಿ ನಡುದಾರೀಲಿ ಬಿಟ್ಟುಬಿಡ್ತಾರೆ. ತೀರ್ಪಿನ ತನಕ ಹೋಗೋದು ಬೆರಳೆಣಿಕೆ. ಅಲ್ಲೂ ಡಾಕ್ಟ್ರುಗಳು ಗೆಲ್ಲೋದೇ ಹೆಚ್ಚು."

"ಹಾಗಾದ್ರೆ ಖರ್ಚೇನೂ ಇಲ್ಲ ಅನ್ನಿ," ಅಂದೆ ನಾನು.

"ಗೆದ್ರೂ ಖರ್ಚೇ ತಾಯಿ. ನನ್ನ ಫೀಜು, ಸಾಕ್ಷಿ ಹೇಳೋ ಬೇರೆ ಡಾಕ್ಟ್ರ ಫೀಜು, ಓಡಾಟ. ವಿಮೆ ಕಂತು ಏರುತ್ತೆ, ಆಮೇಲೆ ಇಳಿಯೋದಿಲ್ಲ. ಆ ಕಡೆ ಆ ಹೆಂಗಸು ಗೆದ್ರೂ ಅಷ್ಟೇ, ಬಂದದ್ದರಲ್ಲಿ ದೊಡ್ಡ ಪಾಲು ಅವರ ವಕೀಲರಿಗೆ. ಇನ್ನು ವರ್ಷಗಟ್ಟಲೆ ಎಳೆಯುತ್ತಲ್ಲ, ಅದಕ್ಕೆ ಬೆಲೆ ಕಟ್ಟೋಕೆ ನನಗೆ ಬರೋದಿಲ್ಲ." ಕನ್ನಡಕ ಹಾಕಿಕೊಂಡು ಭಾವನನ್ನು ನೋಡಿದರು. "ಒಂದು ಮಾತು ನೆನಪಿರಲಿ. ಆಕೆ ಜೊತೆ ನೀವು ಮಾತಾಡಬಾರದು. ಹೇಗಿದ್ದೀರಿ ಅಂತಾನೂ ಕೇಳಬಾರದು. ಪಾಪ ಅಂದ್ರೂ ಅದು ತಪ್ಪೊಪ್ಪಿಗೆ ಆಗುತ್ತೆ."

ಹೀಗೆ ಮೂರು ವರ್ಷ ಉರುಳಿತು. ವಕೀಲರು ಬೆಲೆ ಕಟ್ಟಲಾಗದು ಅಂದದ್ದನ್ನು ನಮ್ಮಕ್ಕ ದಿನಾ ಕಂತಿನಲ್ಲಿ ಕಟ್ಟಿದಳು. ಭಾವ ಕತ್ತಿನ ಆಪರೇಷನ್ನು ಬಿಟ್ಟರು, ಬರೀ ಕಿವಿ ಗುಗ್ಗೆ, ಮೂಗು ಸೋರುವುದು ನೋಡುತ್ತ ಕೂತರು. ಆ ಹೆಂಗಸಿನ ಕಾಗದಗಳು ಮಲಗುವ ಕೋಣೆಗೆ ಬಂದವು. ಹಾಸಿಗೆಯ ಒಂದು ಪಕ್ಕ ಅಕ್ಕ, ಇನ್ನೊಂದು ಪಕ್ಕ ಆ ಕಾಗದಗಳು, ಭಾವನ ಮುಖ ಸದಾ ಕಾಗದಗಳ ಕಡೆಗೆ. ಆಕೆಯ ಹುಟ್ಟಿದ ದಿನ, ರಕ್ತದ ಗುಂಪು, ಚಿಕ್ಕಂದಿನಲ್ಲಿ ಆದ ಕಾಯಿಲೆ, ಎಲ್ಲ ಅವರಿಗೆ ಬಾಯಿಪಾಠ. ಅಕ್ಕನ ಹುಟ್ಟಿದ ದಿನ ಬಂದು ಹೋದದ್ದೇ ಗೊತ್ತಾಗಲಿಲ್ಲ.

"ಸವತಿ ಅಂದ್ರೆ ಒಂದು ದಿನ ಅವಳ ಮನೇಲಿ, ಒಂದು ದಿನ ನಮ್ಮನೇಲಿ ಇರ್ತಾರೆ ಕಣೇ," ಅನ್ನುತ್ತಿದ್ದಳು ಅಕ್ಕ. "ಇವಳು ಪೂರ್ತಿ ನುಂಗಿಬಿಟ್ಲು."

ಭಾವನದು ಒಂದೇ ರಾಗ. ಕಾಫಿ ಲೋಟ ಹಿಡಿದು ಕೂತವರು ಇದ್ದಕ್ಕಿದ್ದ ಹಾಗೆ ಅನ್ನುತ್ತಿದ್ದರು: "ಅಷ್ಟು ನಂಬಿಕೆ ಇಟ್ಟಿದ್ರು. ಕೋರ್ಟಿಗೆ ಹೋಗೋ ಮೊದಲು ಒಂದು ಸಲ ನನ್ನ ಹತ್ರ ಬಂದು ಕೇಳಬಹುದಿತ್ತಲ್ಲ? ಯಾಕೆ ಬರಲಿಲ್ಲ?" ಅವರು ಹಾಗೆ ಅಂದಾಗಲೆಲ್ಲ ಅಕ್ಕನಿಗೆ ಅಡುಗೆಮನೆಯಲ್ಲಿ ಏನೋ ಕೆಲಸ ನೆನಪಾಗುತ್ತಿತ್ತು. ಹೊಟ್ಟೆಕಿಚ್ಚು ತಡೆಯಲಾರದೆ ಎದ್ದು ಹೋಗುತ್ತಾಳೆ ಅಂತ ನಾನು ತಿಳಿದಿದ್ದೆ.

ವಿಚಾರಣೆಯ ದಿನ ಹತ್ತಿರ ಬಂತು. ವಕೀಲರು ಮತ್ತೆ ಬಂದರು. "ಆಪರೇಷನ್ ವಿಷಯದಲ್ಲಿ ನಾವು ಗಟ್ಟಿ. ಆಗಬಹುದು ಅಂತ ಮೊದಲೇ ಹೇಳಿದ್ದೀವಿ, ಸಹಿ ಇದೆ. ಆಮೇಲೆ ತಿರುಗಿ ನೋಡಲಿಲ್ಲ ಅಂತಾರಲ್ಲ, ಇಡೀ ಕೇಸು ನಿಂತಿರೋದು ಅದರ ಮೇಲೆ." ಅಕ್ಕನ ಕಡೆ ತಿರುಗಿದರು. "ಕೌಂಟರಿನಲ್ಲಿ ಕೂರೋರು ನೀವು. ಆಕೆ ಬರಲೂ ಇಲ್ಲ, ಫೋನೂ ಮಾಡಲಿಲ್ಲ ಅಂತ ಕಟಕಟೇಲಿ ನಿಂತು ಒಂದು ಮಾತು ಹೇಳಿ. ಅಲ್ಲಿಗೆ ಮುಗೀತು."

ಅಕ್ಕ ತಲೆಯಾಡಿಸಿದಳು. ಅವಳ ಮುಖದಲ್ಲಿ ಆಗ ಗೆಲುವು ಕಾಣಲಿಲ್ಲ. ನಾನು ಅದನ್ನು ಗಮನಿಸಿದೆ, ಆದರೆ ಅದಕ್ಕೆ ಬೇರೆ ಅರ್ಥ ಕಟ್ಟಿದೆ. ಯಾಕೆಂದರೆ ಅದೇ ವಾರ ಅವಳು ನನ್ನ ಹತ್ತಿರ ಇನ್ನೊಂದು ದೂರು ತಂದಿದ್ದಳು. ಭಾವ ಸಂಜೆ ಹೊತ್ತು ಎಲ್ಲಿಗೋ ಹೋಗಿ ಬರುತ್ತಿದ್ದಾರೆ. ಕೇಳಿದರೆ ವಾಕಿಂಗು ಅನ್ನುತ್ತಾರೆ. "ವಾಕಿಂಗಿಗೆ ಇಸ್ತ್ರಿ ಶರಟು ಯಾಕೇ?" ಅಂತ ಅಕ್ಕ.

ನಾನು ಜನರಿಗೆ ಕಾರು ಓಡಿಸಲು ಕಲಿಸುವವಳು. ನನ್ನ ಕಾರಿನ ನೆತ್ತಿಯ ಮೇಲೆ ಡ್ರೈವಿಂಗ್ ಸ್ಕೂಲಿನ ದೊಡ್ಡ ಹಳದಿ ಬೋರ್ಡಿದೆ. ಕಲಿಯುವವರ ಕಾಲ ಬಳಿ ಒಂದು ಬ್ರೇಕು, ನನ್ನ ಕಾಲ ಬಳಿ ಇನ್ನೊಂದು. ಗುಟ್ಟಾಗಿ ಯಾರನ್ನಾದರೂ ಹಿಂಬಾಲಿಸಲು ಇದಕ್ಕಿಂತ ಕೆಟ್ಟ ಕಾರು ಇನ್ನಿಲ್ಲ. ಅದರಲ್ಲೇ ಹೋದೆವು. ಭಾವ ಒಂದು ಸಲ ಹಿಂತಿರುಗಿ ನೋಡಿದ್ದರೂ ಸಿಕ್ಕಿಬೀಳುತ್ತಿದ್ದೆವು. ಅವರು ನೆಲ ನೋಡುತ್ತ ನಡೆದರು, ತಿರುವಿನಲ್ಲಿ ರಸ್ತೆ ದಾಟಿದರು, ಬಸ್‌ಸ್ಟ್ಯಾಂಡಿನೊಳಗೆ ಹೋದರು.

ಅಕ್ಕನ ಮೂಗಿನ ಹೊಳ್ಳೆ ಅರಳಿತು. "ಊರು ಬಿಟ್ಟು ಹೋಗೋಕೆ ಬಸ್ಸು ಕಾಯ್ತಿದ್ದಾಳೆ ನೋಡು ಯಾರೋ."

ಯಾರೂ ಇರಲಿಲ್ಲ. ಗೇಟಿನ ಬಳಿ ನಿಲ್ಲಿಸಿದ ಕಾರಿನಿಂದಲೇ ಎಲ್ಲ ಕಾಣುತ್ತಿತ್ತು. ಭಾವ ಒಂದು ಬೆಂಚಿನ ತುದಿಯಲ್ಲಿ ಕೂತರು. ಬಸ್ಸುಗಳು ಬಂದವು, ಹೋದವು, ಜನ ಗಂಟುಮೂಟೆ ಹೊತ್ತು ಓಡಾಡಿದರು. ಅವರು ಯಾವ ಬಸ್ಸಿನ ಕಡೆಗೂ ನೋಡಲಿಲ್ಲ. ಆಗ ಮೇಲಿನ ಸ್ಪೀಕರಿನಿಂದ ಆ ದನಿ ಬಂತು. "ಪ್ರಯಾಣಿಕರು ದಯವಿಟ್ಟು ಗಮನಿಸಿ..." ಯಂತ್ರಕ್ಕೆ ತುಂಬಿಟ್ಟ ಹಳೆಯ ದನಿ, ಇನ್ನೂ ಹಾಗೇ ಇತ್ತು. ಭಾವ ಕಣ್ಣು ಮುಚ್ಚಿದರು. ದನಿ ನಿಂತ ಮೇಲೆ ಕಣ್ಣು ತೆರೆದು, ಮುಂದಿನದಕ್ಕೆ ಕಾದರು.

ಅಕ್ಕ ಕಾರಿನ ಬಾಗಿಲನ್ನು ಅರ್ಧ ತೆರೆದವಳು ಹಾಗೇ ನಿಂತಳು. ಅವಳು ಅಷ್ಟು ಸಣ್ಣದಾಗಿ ಅತ್ತದ್ದನ್ನು ನಾನು ಕಂಡಿರಲಿಲ್ಲ. "ಒಬ್ಬಳು ಹೆಂಗಸಿದ್ದಿದ್ರೆ ಜುಟ್ಟು ಹಿಡಿದು ಎಳೀತಿದ್ದೆ ಕಣೇ. ದನೀನ ಎಲ್ಲಿ ಅಂತ ಹಿಡೀಲಿ?"

ಮಾರನೆಯ ದಿನ ಬೆಳಿಗ್ಗೆಯೇ ಬಂದು, "ನಾನು ಅವಳನ್ನ ನೋಡ್ಬೇಕು" ಅಂದಳು. ವಕೀಲರು ಬೇಡ ಅಂದಿದ್ದಾರೆ ಅಂತ ನಾನು ತಲೆ ಚಚ್ಚಿಕೊಂಡೆ. "ಮಾತಾಡ್ಬೇಡಿ ಅಂದದ್ದು ಇವರಿಗೆ, ನನಗಲ್ಲ" ಅಂದಳು. ಅವಳಿಗೆ ಬೇಕಿದ್ದದ್ದು ಇಷ್ಟೇ, ಆಗ ಕಿಂಡಿಯ ಗಾಜಿನಾಚೆ ಮಾತ್ರ ಕಂಡಿದ್ದ ಆ ಹೆಂಗಸು ಈಗ ತನಗಿಂತ ಚೆನ್ನಾಗಿದ್ದಾಳೋ ಇಲ್ಲವೋ ಅಂತ ಹತ್ತಿರದಿಂದ ಒಂದು ಸಲ ನೋಡುವುದು.

ಆಕೆಗೆ ಆ ಬಸ್‌ಸ್ಟ್ಯಾಂಡಿನಲ್ಲೇ ದನಿಯ ಕೆಲಸ ಹೋದ ಮೇಲೆ ಬೇರೆ ಕೆಲಸ ಕೊಟ್ಟಿದ್ದರು. ಬಸ್ಸುಗಳಲ್ಲಿ ಜನ ಮರೆತು ಹೋದ ಸಾಮಾನು ಕಾಯುವ ಕೋಣೆ. ಗೋಡೆ ತುಂಬ ಕಪಾಟು, ಕಪಾಟು ತುಂಬ ಕೊಡೆ, ಚೀಲ, ಮಕ್ಕಳ ಒಂಟಿ ಚಪ್ಪಲಿ, ಯಾರದೋ ಹಲ್ಲಿನ ಸೆಟ್ಟು. ಮೇಜಿನ ಹಿಂದೆ ಕೂತಿದ್ದವಳು ಸಾಧಾರಣ ಹೆಂಗಸು, ನರೆತ ಕೂದಲು, ಕತ್ತಿಗೆ ಸುತ್ತಿದ ಬಟ್ಟೆ. ನನ್ನಕ್ಕನೇ ಎಷ್ಟೋ ಲಕ್ಷಣವಾಗಿದ್ದಳು. ಅಕ್ಕನ ಭುಜ ಸ್ವಲ್ಪ ಸಡಿಲವಾಯಿತು. ಧೈರ್ಯ ಬಂದು, "ಒಂದು ಕೊಡೆ ಕಳೆದಿದೆ" ಅಂದಳು.

ಆಕೆ ತಲೆಯೆತ್ತಿದಳು. ಬರೆಯುತ್ತಿದ್ದ ಪೆನ್ನು ಕೆಳಗಿಟ್ಟಳು. ಏನೋ ಅಂದಳು, ಕೇಳಲಿಲ್ಲ. ಅಕ್ಕ ಮೇಜಿನ ಮೇಲೆ ಬಾಗಿ ಕಿವಿ ಕೊಟ್ಟಳು. ನಾನೂ ಬಾಗಿದೆ.

"ನೀವು ಫೋನಿನವರು," ಅಂದಳು ಆಕೆ. ಒಣ ಎಲೆ ಉಜ್ಜಿದ ಹಾಗಿತ್ತು ಆ ದನಿ. "ಡಾಕ್ಟರಿಗೆ ಬಿಡುವಿಲ್ಲ. ಆ ದನಿ ನಾನು ಮರೆಯೋದಿಲ್ಲ."

ನಾನು ಅಕ್ಕನನ್ನು ನೋಡಿದೆ. ಅವಳು ಬಾಗಿದವಳು ಬಾಗಿದ ಹಾಗೇ ಇದ್ದಳು.

ಆಕೆ ನಿಲ್ಲಿಸಿ ನಿಲ್ಲಿಸಿ, ಉಸಿರು ತೆಗೆದುಕೊಂಡು ಹೇಳಿದಳು. ಎರಡು ವಾರಕ್ಕೆ ಫೋನು ಮಾಡಿದ್ದಳಂತೆ. ಬಿಡುವಿಲ್ಲ. ಮತ್ತೆ ಮಾಡಿದ್ದಳು. ಬಿಡುವಿಲ್ಲ. ದನಿ ಏಳದೆ ಫೋನಿನಲ್ಲಿ ಕಷ್ಟವಾಗಿ ತಾನೇ ಬಂದಿದ್ದಳು. ಗಾಜಿನ ಕಿಂಡಿಯಿಂದ, "ಇವತ್ತು ಆಗೋದಿಲ್ಲ, ಫೋನ್ ಮಾಡಿ ಬನ್ನಿ" ಅಂದಿದ್ದರು. "ಗಾಜಿನ ಆ ಕಡೆ ಡಾಕ್ಟರು ಓಡಾಡೋದು ಕಾಣಿಸ್ತಿತ್ತು. ಕರೆಯೋಣ ಅಂದ್ರೆ ನನಗೆ ದನಿಯಿಲ್ಲ." ಕತ್ತಿನ ಬಟ್ಟೆ ಸರಿಮಾಡಿಕೊಂಡಳು. "ನನಗೆ ಅವರ ಮೇಲೆ ಸಿಟ್ಟಿರಲಿಲ್ಲ. ಹೀಗಾಗಬಹುದು ಅಂತ ಹೇಳಿದ್ರು. ಆಗಿದೆ ಅಂತ ಅವರ ಬಾಯಿಂದ ಕೇಳಬೇಕಿತ್ತು. ಮುಂದೇನು ಅಂತ ಕೇಳಬೇಕಿತ್ತು. ನೋಟೀಸು ಕಳಿಸಿದ್ರೆ ಓದಲೇಬೇಕಲ್ಲ ಅಂತ ಕಳಿಸಿದೆ. ಆಮೇಲೆ ಅದು ನನ್ನ ಕೈಲಿ ಉಳಿಲಿಲ್ಲ, ವಕೀಲರ ಕೈಗೆ ಹೋಯ್ತು."

ಕೊನೆಗೆ ಅಕ್ಕನ ಮುಖ ನೋಡಿ ಕೇಳಿದಳು: "ಅವರು ಚೆನ್ನಾಗಿದ್ದಾರಾ? ನಿಮ್ಮನ್ನ ಕಂಡ್ರೆ ಹೊಟ್ಟೆ ಉರಿಯುತ್ತೆ ನೋಡಿ. ನನಗೆ ಅರ್ಧ ನಿಮಿಷ ಸಿಗದ ಮನುಷ್ಯ ದಿನವಿಡೀ ನಿಮಗೆ ಸಿಗ್ತಾರೆ."

ನನ್ನಕ್ಕನ ಜೀವಮಾನದಲ್ಲಿ ಅವಳನ್ನು ಕಂಡು ಹೊಟ್ಟೆ ಉರಿದುಕೊಂಡವಳು ಆಕೆಯೊಬ್ಬಳೇ ಇರಬೇಕು. ಅವಳು ಅದನ್ನು ಅನುಭವಿಸುವ ಸ್ಥಿತಿಯಲ್ಲಿರಲಿಲ್ಲ.

ಕಾರಿಗೆ ಬಂದು ಬಾಗಿಲು ಹಾಕಿದ ಕೂಡಲೇ ನಾನು ಕೂಗಾಡಿದೆ. ಗೇರು ಹಾಕಲು ಬಾರದ ಶಿಷ್ಯರ ಮೇಲೂ ಅಷ್ಟು ಕೂಗಿರಲಿಲ್ಲ. "ಬಂದಿಲ್ಲ ಅಂದ್ಯಲ್ಲೇ! ಮೂರು ವರ್ಷದಿಂದ ಆ ಮನುಷ್ಯ ಯಾಕೆ ಬರಲಿಲ್ಲ, ಯಾಕೆ ಬರಲಿಲ್ಲ ಅಂತ ಸಾಯ್ತಿದ್ದಾರೆ. ನೀನು ಪಕ್ಕದಲ್ಲೇ ಕೂತು ಕಾಫಿ ಸೋಸ್ತಿದ್ದೆ!"

"ಮೊದಲನೇ ಸಲ ನಿಜವಾಗಿ ಬಿಡುವಿರಲಿಲ್ಲ," ಅಂದಳು ಅಕ್ಕ.

"ಎರಡನೇ ಸಲ?"

ಅವಳು ಮಡಿಲಲ್ಲಿದ್ದ ಕೈ ನೋಡಿಕೊಂಡಳು. "ಆ ದನಿ ಹೋಗಿದೆ ಅಂತ ಗೊತ್ತಾಯ್ತಲ್ಲ, ನನಗೆ ಸಂತೋಷವಾಯ್ತು ಕಣೇ. ನಾಚಿಕೆಯಿಲ್ಲದೆ ಹೇಳ್ತೀನಿ, ತುಂಬಾ ಸಂತೋಷವಾಯ್ತು. ಇವರು ನೋಡಿದ್ರೆ ಮತ್ತೆ ಸರಿಮಾಡಿಬಿಡ್ತಾರೆ ಅನ್ನಿಸ್ತು. ನಾಲ್ಕು ದಿನ ತಡವಾದ್ರೆ ಏನಾಗುತ್ತೆ ಅಂದ್ಕೊಂಡೆ. ಆಮೇಲೆ ನೋಟೀಸು ಬಂತು. ಆಮೇಲೆ ಬಾಯಿ ಬಿಡೋಕೇ ಆಗಲಿಲ್ಲ."

ಬೈಯುವುದಕ್ಕೆ ನನ್ನ ಹತ್ತಿರ ಇನ್ನೂ ಬೇಕಾದಷ್ಟಿತ್ತು. ಆದರೆ ಎಂಜಲು ಲೋಟದಲ್ಲಿ ನೀರು ಕುಡಿದು ಜ್ವರಕ್ಕೆ ಕಾದ ಹುಡುಗಿಯೇ ಪಕ್ಕದಲ್ಲಿ ಕೂತ ಹಾಗೆ ಕಂಡಿತು. ಸುಮ್ಮನೆ ಕಾರು ಹೊರಡಿಸಿದೆ.

"ಕಟಕಟೇಲಿ ಏನು ಹೇಳ್ತೀಯ?" ಅಂತ ದಾರಿಯಲ್ಲಿ ಕೇಳಿದೆ.

"ಬರಲಿಲ್ಲ ಅಂದ್ರೆ ಗೆಲ್ತೀವಿ, ಇವರಿಗೆ ಯಾವತ್ತೂ ಗೊತ್ತಾಗೋದಿಲ್ಲ. ಆದ್ರೆ ಸಾಯೋ ತನಕ ಅಲ್ಲಿ ಬೆಂಚಿನ ಮೇಲೆ ಕೂತಿರ್ತಾರೆ. ಬಂದಿದ್ಲು ಅಂದ್ರೆ ಸೋಲ್ತೀವಿ. ಇವರು ನನ್ನ ಮುಖ ನೋಡೋದಿಲ್ಲ." ಕ್ಲಿನಿಕ್ಕಿನ ಬೀದಿಗೆ ತಿರುಗಿದಾಗ ಅಂದಳು: "ಎರಡರಲ್ಲೂ ಅವಳಿಗೇ ಸಿಗ್ತಾರಲ್ಲೇ."

ಅವಳು ಕೋರ್ಟಿನ ತನಕ ಕಾಯಲಿಲ್ಲ. ಅದೇ ಸಂಜೆ ಬಸ್‌ಸ್ಟ್ಯಾಂಡಿಗೆ ಹೋಗಿ, ಆ ಬೆಂಚಿನಲ್ಲಿ ಭಾವನ ಪಕ್ಕ ಕೂತಳು. ನಾನು ಹಿಂದಿನ ಬೆಂಚಿನಲ್ಲಿದ್ದೆ. ಹೆಂಡತಿಯನ್ನು ಅಲ್ಲಿ ಕಂಡು ಭಾವ ಕಳ್ಳತನದಲ್ಲಿ ಸಿಕ್ಕಿಬಿದ್ದವರ ಹಾಗೆ ಎದ್ದು ನಿಂತರು. ಅಕ್ಕ ಅವರ ತೋಳು ಹಿಡಿದು ಕೂರಿಸಿ, ಎಲ್ಲವನ್ನೂ ಹೇಳಿದಳು. ನೆಪ ಹೇಳಲಿಲ್ಲ. ಸಂತೋಷವಾಗಿತ್ತು ಅನ್ನುವುದನ್ನೂ ಬಿಡಲಿಲ್ಲ.

ಭಾವ ಕೂಗಲಿಲ್ಲ. ಕೂಗಿದ್ದರೆ ಚೆನ್ನಾಗಿತ್ತು. "ಆಗಲೇ ನೋಡಿದ್ದಿದ್ರೆ ದನಿಗೆ ವ್ಯಾಯಾಮ ಇತ್ತು. ಇನ್ನೊಂದು ಸಣ್ಣ ಆಪರೇಷನ್ ಇತ್ತು. ಪೂರ್ತಿ ಅಲ್ಲದಿದ್ರೂ ಮುಕ್ಕಾಲು..." ಅಂದರು. ಅಕ್ಕ "ರೀ" ಅಂತ ಏನೋ ಹೇಳಲು ಹೋದಳು. ಅಷ್ಟರಲ್ಲಿ ಮೇಲಿನಿಂದ ಆ ದನಿ ಬಂತು. ಭಾವ ಬೆರಳು ತುಟಿಗಿಟ್ಟು, ಸುಮ್ಮನಿರು ಅಂದರು. ಅಕ್ಕ ಸುಮ್ಮನಾದಳು. ಇಬ್ಬರೂ ಆ ದನಿಯನ್ನು ಕೊನೆಯ ತನಕ ಕೇಳಿದರು.

ಆಮೇಲೆ ಭಾವ ಹಾಸಿಗೆಯನ್ನು ಕೆಳಗೆ ಕ್ಲಿನಿಕ್ಕಿಗೆ ಹಾಕಿಕೊಂಡರು. ಊಟಕ್ಕೆ ಮೇಲೆ ಬರುತ್ತಿದ್ದರು, ತಟ್ಟೆ ನೋಡುತ್ತ ಉಂಡು ಹೋಗುತ್ತಿದ್ದರು. ವಕೀಲರಿಗೆ ಅವರೇ ಎಲ್ಲ ತಿಳಿಸಿದರು. ಆ ಮನುಷ್ಯ ಕನ್ನಡಕ ಒರೆಸುವುದನ್ನೂ ಮರೆತು ಕೂತರು. ಆಕೆಯ ಜೊತೆ ಮಾತಾಡುತ್ತೇನೆ ಅಂತ ಭಾವ ಅಂದಾಗ ಕೈ ಮುಗಿದರು.

"ಡಾಕ್ಟ್ರೇ, ವಿಚಾರಣೆ ಆಗೋ ತನಕ ತಡೀರಿ. ಈಗ ಫೋನ್ ಎತ್ತಿದ್ರೆ ವಿಮೆಯವರು ಕೈ ತೊಳ್ಕೊಳ್ತಾರೆ. ಪರಿಹಾರ ನಿಮ್ಮ ಜೇಬಿಂದ ಹೋಗುತ್ತೆ. ಈ ಕಟ್ಟಡ ಹೋದ್ರೂ ಹೋಯ್ತೇ."

"ಹೋಗಲಿ," ಅಂದರು ಭಾವ.

ಮಾರನೆಯ ದಿನ ಬೆಳಿಗ್ಗೆ ನಾನು ಕ್ಲಿನಿಕ್ಕಿನಲ್ಲೇ ಇದ್ದೆ. ಅಕ್ಕ ಎಂದಿನ ಹಾಗೆ ಕೌಂಟರಿನಲ್ಲಿ ಕೂತಿದ್ದಳು, ಸೊರಗಿದ್ದಳು. ಭಾವ ಒಳಗಿನ ಕೋಣೆಯಿಂದ ಬಂದು, ಕಿಂಡಿಯ ಬಳಿ ನಿಂತು, ಅಷ್ಟು ದಿನದಲ್ಲಿ ಅವಳಿಗೆ ಮೊದಲ ಮಾತು ಆಡಿದರು. "ಆಕೆಗೆ ಫೋನ್ ಮಾಡಿ ನನಗೆ ಕೊಡು."

"ನಿಮ್ಮ ಮೊಬೈಲಿಂದಾನೇ..." ಅಂದಳು ಅಕ್ಕ.

"ನೀನೇ ಮಾಡು," ಅಂದರು. ಒಳಗೆ ಹೋಗಿ ಬಾಗಿಲು ಹಾಕಿಕೊಂಡರು.

ಅಕ್ಕ ನಂಬರು ಒತ್ತಿದಳು. ಯಾವ ಚೀಟಿಯನ್ನೂ ನೋಡಲಿಲ್ಲ. ಆ ಕಡೆ ಎತ್ತಿದ್ದು ಅವಳ ಮುಖದಲ್ಲೇ ಗೊತ್ತಾಯಿತು. ಫೋನನ್ನು ಕಿವಿಗೆ ಒತ್ತಿ ಹಿಡಿದು, ಕಣ್ಣು ಕಿರಿದು ಮಾಡಿ, ಆ ಉಸಿರಿನಂಥ ದನಿಯನ್ನು ಕೇಳಿಸಿಕೊಂಡಳು. ಅವಳ ಬೆರಳು ಎರಡು ಗುಂಡಿಗಳ ನಡುವೆ ನಿಂತಿತು. ನನ್ನ ಬಲಗಾಲು ಅಭ್ಯಾಸಬಲದಿಂದ ನೆಲವನ್ನು ಒತ್ತಿತು, ಅಲ್ಲೊಂದು ಬ್ರೇಕಿದ್ದ ಹಾಗೆ.

"ಹೌದು, ನಾನೇ," ಅಂದಳು ಅಕ್ಕ. "ಇರಿ. ಡಾಕ್ಟರಿಗೆ ಕೊಡ್ತೀನಿ."

ಕೆಂಪು ದೀಪ ಹತ್ತಿಕೊಂಡಿತು. ಅಕ್ಕ ಫೋನು ಕೆಳಗಿಟ್ಟು ದೀಪವನ್ನೇ ನೋಡುತ್ತ ಕೂತಳು. ಬಾಗಿಲ ಆಚೆಯಿಂದ ಭಾವನ ದನಿ ಸಣ್ಣಗೆ ಕೇಳುತ್ತಿತ್ತು, ಮಾತು ತಿಳಿಯುತ್ತಿರಲಿಲ್ಲ. ನಡುನಡುವೆ ದೀರ್ಘ ಮೌನ. ಆ ಕಡೆಯವಳಿಗೆ ಉಸಿರು ಬೇಕಲ್ಲ, ಅವರು ಕಾಯುತ್ತಿದ್ದರು.

"ಇಷ್ಟು ಹೊತ್ತು ಏನೇ ಮಾತಾಡ್ತಾರೆ?" ಅಂದಳು ಅಕ್ಕ.

"ಮೂರು ವರ್ಷದ್ದು ಬಾಕಿ ಇದೆ. ಸುಮ್ನಿರು."

"ನನ್ನ ಜೊತೆ ಯಾವತ್ತೂ ಇಷ್ಟು ಹೊತ್ತು ಮಾತಾಡಿಲ್ಲ." ಅವಳ ಕಣ್ಣಿನಿಂದ ನೀರು ಇಳಿಯಿತು, ಒರೆಸಿಕೊಳ್ಳಲಿಲ್ಲ. ಕೈ ತಾನೇ ತಾನಾಗಿ ಫೋನಿನ ಕಡೆ ಹೋಗುವುದನ್ನು ನಾನು ಕಂಡೆ. ಅವಳೂ ಕಂಡಳು. ಆ ಕೈಯನ್ನು ಹಿಂದಕ್ಕೆಳೆದು, ತೊಡೆಯ ಕೆಳಗೆ ಇಟ್ಟುಕೊಂಡು, ಅದರ ಮೇಲೆ ಭಾರ ಹಾಕಿ ಕೂತಳು.

ಹೊರಗಿನ ಬಾಗಿಲು ತೆರೆಯಿತು. ಕಿವಿಗೆ ಹತ್ತಿ ಇಟ್ಟುಕೊಂಡ ಒಬ್ಬ ಹೆಂಗಸು ನಗುತ್ತ ಬಂದು ಗಾಜಿನ ಕಿಂಡಿಯಲ್ಲಿ ಇಣುಕಿದಳು. "ಡಾಕ್ಟರ್ ಇದ್ದಾರಾ?"

ಅಕ್ಕ ದೀಪದಿಂದ ಕಣ್ಣು ತೆಗೆಯಲಿಲ್ಲ.

"ಡಾಕ್ಟರಿಗೆ ಬಿಡುವಿಲ್ಲ," ಅಂದಳು. "ಕೂತ್ಕೊಳ್ಳಿ, ಹೊತ್ತಾಗುತ್ತೆ."